ಅತ್ಯಾಚಾರ, ಪೋಕ್ಸೋ ಕೇಸಲ್ಲಿ ಬೇಲು: ಕೋರ್ಟು ನಿಜವಾಗ್ಲೂ ಏನನ್ನ ನೋಡುತ್ತೆ?

ಮಲ್ನಾಡ್_ಮಳೆ
ಪೋಕ್ಸೋ (ಮಕ್ಕಳ ಮೇಲಿನ ಲೈಂಗಿಕ ಅಪರಾಧ ತಡೆ ಕಾಯ್ದೆ) ಅಂದ್ರೆ ಬೇಲೇ ಇಲ್ಲ ಅಂತ ಊರೆಲ್ಲ ಹೇಳ್ತಾರೆ. ಪೇಪರ್ ತೆಗೆದ್ರೆ ಮೂರೇ ತಿಂಗಳಿಗೆ ಆರೋಪಿ ಆಚೆ. ಇನ್ನೊಂದು ಕಡೆ ಎರಡು ವರ್ಷವಾದ್ರೂ ಒಳಗೇ ಕೊಳೀತಿರೋರು ಇದ್ದಾರೆ. ಸೆಕ್ಷನ್ ಅದೇ, ರಾಜ್ಯ ಅದೇ, ಆರ್ಡರ್ ಮಾತ್ರ ಒಂದೊಂದು ಥರ. ಇದಕ್ಕೆ ಏನಾದ್ರೂ ಲೆಕ್ಕ ಇದೆಯಾ, ಇಲ್ಲ ಯಾವ ಜಡ್ಜ್ ಮುಂದೆ ಬಂತು ಅನ್ನೋದರ ಮೇಲೆ ಹೋಗುತ್ತಾ? ಹುಡುಗಿ ಮನೆಯವರಿಗೆ ಬೇಲ್ ಆಗಿದ್ದು ಟಿವಿ ನೋಡಿ ಗೊತ್ತಾಗೋದು ಯಾಕೆ? ತಿಳಿದವರು ಸ್ವಲ್ಪ ಬಿಡಿಸಿ ಹೇಳಿ. ‘ವ್ಯವಸ್ಥೆ ಕೆಟ್ಟಿದೆ’ ಅನ್ನೋ ಉತ್ತರ ಬೇಡ, ಅದು ನನಗೂ ಗೊತ್ತು.

ತಕರಾರು_ಅರ್ಜಿ
‘ಪೋಕ್ಸೋದಲ್ಲಿ ಬೇಲಿಲ್ಲ’ ಅನ್ನೋದು ಪೊಲೀಸ್ ಸ್ಟೇಷನ್ ಬಾಗಿಲಲ್ಲಿ ಹುಟ್ಟಿದ ಕಾನೂನು. ಎನ್‌ಡಿಪಿಎಸ್ (ಮಾದಕ ವಸ್ತು) 37, ಯುಎಪಿಎ (ಭಯೋತ್ಪಾದನೆ) 43ಡಿ(5), ಪಿಎಂಎಲ್‌ಎ (ಅಕ್ರಮ ಹಣ ವರ್ಗಾವಣೆ) 45, ಇವುಗಳಲ್ಲಿ ಬೇಲ್ ಕೊಡುವಾಗ ಕೋರ್ಟಿನ ಕೈ ಕಟ್ಟೋ ಷರತ್ತು ಕಾಯ್ದೆಯಲ್ಲೇ ಇದೆ. ಪೋಕ್ಸೋದಲ್ಲಿ ಅಂಥದ್ದು ಇಲ್ಲ. 31ನೇ ಕಲಂ ಸಾಮಾನ್ಯ ಕ್ರಿಮಿನಲ್ ಪ್ರಕ್ರಿಯೆಯೇ ಅನ್ವಯ ಅನ್ನುತ್ತೆ, ಬೇಲೂ ಸೇರಿ. ಅಂದ್ರೆ ಹಳೇ ಸಿಆರ್‌ಪಿಸಿ (ಕ್ರಿಮಿನಲ್ ಪ್ರಕ್ರಿಯೆಯ ಸಂಹಿತೆ) 439, 2024ರ ಜುಲೈ 1ರಿಂದ ಅದರ ಜಾಗಕ್ಕೆ ಬಂದ ಬಿಎನ್‌ಎಸ್‌ಎಸ್ 483.

ಕೋರ್ಟು ನೋಡೋ ಅಂಶಗಳನ್ನ ಸುಪ್ರೀಂ ಕೋರ್ಟು 2010ರ ಪ್ರಶಾಂತ ಕುಮಾರ್ ಸರ್ಕಾರ್ ತೀರ್ಪಲ್ಲಿ ಒಟ್ಟು ಮಾಡಿ ಹೇಳಿದೆ: ಮೇಲ್ನೋಟಕ್ಕೆ ಕೇಸು ಇದೆಯಾ, ಅಪರಾಧ ಎಷ್ಟು ಗಂಭೀರ, ಶಿಕ್ಷೆ ಎಷ್ಟು, ಓಡಿಹೋಗ್ತಾನಾ, ಆರೋಪಿಯ ನಡತೆ ಮತ್ತು ಸ್ಥಾನಮಾನ, ಮತ್ತೆ ಮಾಡೋ ಸಂಭವ, ಸಾಕ್ಷಿಗಳನ್ನ ಹೆದರಿಸ್ತಾನಾ, ನ್ಯಾಯಕ್ಕೆ ಅಡ್ಡಿಯಾಗುತ್ತಾ. ಈ ಎಂಟರಲ್ಲಿ ಯಾವುದಕ್ಕೆ ಎಷ್ಟು ತೂಕ ಅಂತ ಎಲ್ಲೂ ಬರೆದಿಲ್ಲ. ನಿಮ್ಮ ಒಂದೊಂದು ಥರ ಬರೋದು ಅಲ್ಲಿಂದಲೇ.

ದೊಡ್ಡಗಡಿಯಾರ
ಅಂದ್ರೆ ಜಡ್ಜ್ ಮೇಲೆ ಹೋಗುತ್ತೆ ಅಂತಲೇ ಆಯ್ತಲ್ಲ ಗುರು 😀

ಆರ್ಡರ್‌ಶೀಟ್
ಅಷ್ಟು ಸಲೀಸಿಲ್ಲ. ಜಡ್ಜ್‌ಗಿಂತ ಹೆಚ್ಚಾಗಿ ಹೋಗೋದು ತಾರೀಖಿನ ಮೇಲೆ. ಅದೇ ಕೇಸು, ಅದೇ ಆರೋಪಿ, ಅರ್ಜಿ ಯಾವ ಹಂತದಲ್ಲಿ ಬಂತು ಅನ್ನೋದರ ಮೇಲೆ ಉತ್ತರ ಬದಲಾಗುತ್ತೆ.

ಬಂಧನವಾಗಿ ಮೊದಲ 2-3 ವಾರ: ಮ್ಯಾಜಿಸ್ಟ್ರೇಟ್ ಮುಂದೆ ಹುಡುಗಿಯ ಹೇಳಿಕೆ (ಹಿಂದಿನ 164, ಈಗ ಬಿಎನ್‌ಎಸ್‌ಎಸ್ 183) ಆಗಿರುತ್ತೆ ಅಥವಾ ಆಗ್ತಾ ಇರುತ್ತೆ, ಮೊಬೈಲ್ ಜಪ್ತಿ, ಸ್ಥಳ ಮಹಜರು ಬಾಕಿ. ಈ ಹೊತ್ತಲ್ಲಿ ಸೆಷನ್ಸ್‌ನಲ್ಲಿ ಹೆಚ್ಚಿನವು ವಜಾ. ‘ತನಿಖೆ ಪ್ರಾಥಮಿಕ ಹಂತದಲ್ಲಿದೆ’ ಅನ್ನೋ ಒಂದು ಸಾಲು ಸಾಕಾಗುತ್ತೆ.

ಚಾರ್ಜ್‌ಶೀಟ್ ಬಿದ್ದ ಮೇಲೆ: ಆರೋಪಿ ಕಡೆ ವಕೀಲರು ‘ತನಿಖೆ ಮುಗಿದಿದೆ, ವಶದಲ್ಲಿಟ್ಟು ವಿಚಾರಿಸೋದು ಏನೂ ಉಳಿದಿಲ್ಲ’ ಅಂತಾರೆ. ಎಫ್‌ಐಆರ್, 183ರ ಹೇಳಿಕೆ, ವೈದ್ಯರ ಮುಂದೆ ಹೇಳಿದ್ದು, ಈ ಮೂರನ್ನೂ ಪಕ್ಕಪಕ್ಕ ಇಟ್ಟು ವ್ಯತ್ಯಾಸ ಹುಡುಕ್ತಾರೆ. ಹೈಕೋರ್ಟಲ್ಲಿ ಬೇಲ್ ಸಿಗೋದು ಹೆಚ್ಚಾಗಿ ಈ ಹಂತದಲ್ಲಿ.

ಸಾಕ್ಷಿ ವಿಚಾರಣೆ ಶುರುವಾದ ಮೇಲೆ: ಬಾಗಿಲು ಮತ್ತೆ ಮುಚ್ಚಿಕೊಳ್ಳುತ್ತೆ. 2024ರ ನವೆಂಬರ್ 27ರ ತೀರ್ಪಲ್ಲಿ (ರಾಜಸ್ಥಾನದ ಪ್ರಕರಣ) ಸುಪ್ರೀಂ ಕೋರ್ಟು ಹೇಳಿದ್ದು: ಅತ್ಯಾಚಾರ, ಕೊಲೆ, ಡಕಾಯಿತಿಯಂಥ ಕೇಸಲ್ಲಿ ಪ್ರಾಸಿಕ್ಯೂಷನ್ ಸಾಕ್ಷಿಗಳ ವಿಚಾರಣೆ ಆರಂಭವಾದ ಮೇಲೆ ಬೇಲ್ ಅರ್ಜಿ ಪರಿಗಣಿಸೋಕೆ ಕೋರ್ಟುಗಳು ಹಿಂಜರೀಬೇಕು. ಹೇಳಿಕೆಯಲ್ಲಿ ಅಲ್ಲಿ ಇಲ್ಲಿ ವ್ಯತ್ಯಾಸ ಇದೆ ಅಂತ ನಡುವಲ್ಲೇ ಬಿಡಬಾರದು. ಆರೋಪಿಯ ತಪ್ಪಿಲ್ಲದೆ ವಿಚಾರಣೆ ಸಿಕ್ಕಾಪಟ್ಟೆ ಎಳೆದರೆ ಆಗ ಮಾತು ಬೇರೆ.

ಮಲ್ನಾಡ್_ಮಳೆ
ಓ, ಇದು ಹೊಸ ವಿಷಯ. ಹಾಗಾದ್ರೆ ‘ಮೂರು ತಿಂಗಳು’ ಅಂತ ಜನ ಹೇಳೋದು ಎಲ್ಲಿಂದ ಬಂತು?

ಹುಬ್ಬಳ್ಳಿ_ಚಾಳ
ಅದು 90 ದಿನದ್ದು ನೋಡ್ರಿ. ಪೊಲೀಸರು 90 ದಿನದಾಗ ಚಾರ್ಜ್‌ಶೀಟ್ ಹಾಕಲಿಲ್ಲಂದ್ರ ಬೇಲು ಕೊಡಾಕs ಬೇಕು. ಕೇಸು ಎಷ್ಟು ಗಟ್ಟಿ ಐತಿ ಅಂತ ಕೋರ್ಟು ನೋಡಂಗಿಲ್ಲ. ಡಿಫಾಲ್ಟ್ ಬೇಲ್ ಅಂತಾರ, ಬಿಎನ್‌ಎಸ್‌ಎಸ್ 187(3).

ಆರ್ಡರ್‌ಶೀಟ್
ಎಲ್ಲಾ ಸೆಕ್ಷನ್‌ಗೂ 90 ಅಲ್ಲ ಸರ್, ಇಲ್ಲೇ ಎಡವೋದು. ಕನಿಷ್ಠ ಶಿಕ್ಷೆಯೇ 10 ವರ್ಷ ಇರೋದಕ್ಕೆ, ಜೀವಾವಧಿ ಅಥವಾ ಮರಣದಂಡನೆ ಆಗಬಹುದಾದ್ದಕ್ಕೆ 90 ದಿನ. ಬಿಎನ್‌ಎಸ್ (ಹಳೇ ಐಪಿಸಿ ಜಾಗಕ್ಕೆ ಬಂದ ದಂಡ ಸಂಹಿತೆ) 64, ಅಂದ್ರೆ ಅತ್ಯಾಚಾರ, ಪೋಕ್ಸೋ 4 ಮತ್ತು 6 (ಮಗುವಿನ ದೇಹದೊಳಗೆ ಪ್ರವೇಶಿಸೋ ಲೈಂಗಿಕ ದೌರ್ಜನ್ಯ, ಅದರ ಗಂಭೀರ ರೂಪ) ಇದರೊಳಗೆ ಬರ್ತವೆ. ಪೋಕ್ಸೋ 8, ಅಂದ್ರೆ ಲೈಂಗಿಕ ಉದ್ದೇಶದಿಂದ ಮೈ ಮುಟ್ಟೋದು, 3ರಿಂದ 5 ವರ್ಷ. ಅದರ ಗಂಭೀರ ರೂಪಕ್ಕೆ 10ನೇ ಕಲಂ, 5ರಿಂದ 7. ಇವಕ್ಕೆ 60 ದಿನ ಮಾತ್ರ. ಎಫ್‌ಐಆರ್‌ನಲ್ಲಿ ಬರೀ 8 ಹಾಕಿ, ಆಮೇಲೆ ಹುಡುಗಿಯ 183ರ ಹೇಳಿಕೆಯಲ್ಲಿ ಹೆಚ್ಚಿನದು ಬಂದ್ರೂ ಸೆಕ್ಷನ್ ಸೇರಿಸೋ ಮೆಮೊ ಕೊಡದೆ ಐಓ (ತನಿಖಾಧಿಕಾರಿ) ಕೂತಿದ್ರೆ, 61ನೇ ದಿನ ಆರೋಪಿ ಕಡೆ ವಕೀಲರು ಅರ್ಜಿ ಹಿಡಿದು ನಿಂತಿರ್ತಾರೆ.

ದಿನ ಎಣಿಸೋದು ಬಂಧನದ ದಿನದಿಂದ ಅಲ್ಲ, ಮ್ಯಾಜಿಸ್ಟ್ರೇಟ್ ಅಥವಾ ವಿಶೇಷ ಕೋರ್ಟು ರಿಮ್ಯಾಂಡ್ ಮಾಡಿದ (ಕಸ್ಟಡಿಗೆ ಕಳಿಸಿದ) ದಿನದಿಂದ. ಆ ದಿನವೂ ಲೆಕ್ಕಕ್ಕೆ ಬರುತ್ತೆ. ಕಪಿಲ್ ವಾಧವಾನ್ ಪ್ರಕರಣದಲ್ಲಿ 2023ರ ಮಾರ್ಚಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಈ ಜಗಳ ಮುಗಿಸಿತು. ಮಾರ್ಚ್ 1ಕ್ಕೆ ರಿಮ್ಯಾಂಡ್ ಅಂದ್ರೆ ಮಾರ್ಚ್ 31 ದಿನ, ಏಪ್ರಿಲ್ 30, ಮೇ 29ಕ್ಕೆ 90 ತುಂಬಿತು. ಮೇ 30ರ ಬೆಳಿಗ್ಗೆ ಕೋರ್ಟು ತೆಗೆಯೋ ಹೊತ್ತಿಗೆ ಹಕ್ಕು ಹುಟ್ಟಿದೆ.

ಹುಬ್ಬಳ್ಳಿ_ಚಾಳ
ಹಕ್ಕು ಹುಟ್ಟಿದ್ರ ಸಾಲದಲ್ರಿ, ಅರ್ಜಿ ಹಾಕಬೇಕು. ಮೇ 30ಕ್ಕ ಅರ್ಜಿ ಹಾಕದs ಸುಮ್ಮನ ಕುಂತು, 31ಕ್ಕ ಪೊಲೀಸರು ಚಾರ್ಜ್‌ಶೀಟ್ ಹಾಕಿಬಿಟ್ರ ಮುಗೀತು, ಹಕ್ಕು ಹೋತು. ಅದs ಅರ್ಜಿ ಮೊದಲು ಹಾಕಿದ್ರ, ಆಮ್ಯಾಲೆ ಚಾರ್ಜ್‌ಶೀಟ್ ಬಂದ್ರೂ ಬೇಲು ಕೊಡಬೇಕು. ರವೀಂದ್ರನ್ ಕೇಸ್, 2020.

ಕಡಲತಡಿ
ಡಿಎನ್‌ಎ ರಿಪೋರ್ಟ್ ಬಂದಿಲ್ಲ, ಹಾಗಾಗಿ ಚಾರ್ಜ್‌ಶೀಟ್ ಅಪೂರ್ಣ, ಡಿಫಾಲ್ಟ್ ಬೇಲ್ ಕೊಡಿ ಅಂತ ಕೇಳುವುದುಂಟಲ್ಲ ಮಾರಾಯ್ರೆ, ಅದು ನಡೆಯುತ್ತದಾ?

ತಕರಾರು_ಅರ್ಜಿ
ಸಾಮಾನ್ಯವಾಗಿ ನಡೆಯಲ್ಲ. ಎಫ್‌ಎಸ್‌ಎಲ್ (ವಿಧಿವಿಜ್ಞಾನ ಲ್ಯಾಬ್) ವರದಿಯನ್ನ ಹೆಚ್ಚುವರಿ ವರದಿಯಾಗಿ ಆಮೇಲೆ ಕೊಡಬಹುದು, ಬಿಎನ್‌ಎಸ್‌ಎಸ್ 193(9). ಆದ್ರೆ ಅದೇ ವರದಿ ಇಲ್ಲದಿರೋದು ಮಾಮೂಲಿ ಬೇಲ್ ಅರ್ಜಿಯಲ್ಲಿ ಆರೋಪಿಗೆ ಅನುಕೂಲ ಆಗುತ್ತೆ. ‘ವೈಜ್ಞಾನಿಕ ಸಾಕ್ಷ್ಯ ಇನ್ನೂ ಇಲ್ಲ’ ಅಂತ ಒಂದು ಪ್ಯಾರಾ ಖಂಡಿತ ಬರುತ್ತೆ. ಪಿಪಿ (ಸರ್ಕಾರಿ ವಕೀಲರು) ಆದವರು ಸ್ಯಾಂಪಲ್ ಯಾವತ್ತು ಲ್ಯಾಬಿಗೆ ಹೋಯ್ತು, ಸ್ವೀಕೃತಿ ಪತ್ರ ಎಲ್ಲಿ ಅನ್ನೋದನ್ನ ತಕರಾರಲ್ಲಿ ಬರೆದ್ರೆ ಆ ವಾದದ ಹರಿತ ಕಡಿಮೆ ಆಗುತ್ತೆ. ಬರೆಯೋರು ಕಡಿಮೆ.

ಇನ್ನೊಂದು. ಡಿಫಾಲ್ಟ್ ಬೇಲ್ ಸಿಕ್ಕಿದ್ರೆ ಶಾಶ್ವತ ಅಂತಲೂ ತಿಳ್ಕೋಬೇಡಿ. ಆಮೇಲೆ ಬಂದ ಚಾರ್ಜ್‌ಶೀಟಲ್ಲಿ ಬಲವಾದ ಕೇಸು ಕಂಡ್ರೆ ರದ್ದು ಮಾಡಬಹುದು ಅಂತ ಗಂಗಿ ರೆಡ್ಡಿ ಪ್ರಕರಣದಲ್ಲಿ 2023ರ ಜನವರಿಯಲ್ಲಿ ಆಗಿದೆ. ಚಾರ್ಜ್‌ಶೀಟ್ ಬಿತ್ತು ಅನ್ನೋ ಕಾರಣಕ್ಕಷ್ಟೇ ಆಗಲ್ಲ, ವಿಶೇಷ ಕಾರಣ ತೋರಿಸ್ಬೇಕು.

ಸಾಕ್ಷಿಕಟ್ಟೆ
ಎಲ್ಲರೂ ಆರೋಪಿ ಕಡೆಯಿಂದಲೇ ಲೆಕ್ಕ ಹೇಳ್ತಿದ್ದೀರಿ. ಮೂಲ ಪ್ರಶ್ನೆಯ ಕೊನೆ ಭಾಗ ಯಾರೂ ಮುಟ್ಟಿಲ್ಲ: ಸಂತ್ರಸ್ತೆಗೆ ಯಾಕೆ ಗೊತ್ತಾಗಲ್ಲ.

ಗೊತ್ತಾಗಲೇಬೇಕು ಅಂತ ಕಾನೂನಿದೆ. ಒಂದಲ್ಲ, ನಾಲ್ಕು ಕಡೆ. 16ರ ಒಳಗಿನ ಹುಡುಗಿ (ಬಿಎನ್‌ಎಸ್ 65), 18ರ ಒಳಗಿನವಳ ಮೇಲೆ ಸಾಮೂಹಿಕ ಅತ್ಯಾಚಾರ (70(2)), ಈ ಕೇಸುಗಳಲ್ಲಿ ದೂರುದಾರರು ಅಥವಾ ಅವರು ಅಧಿಕಾರ ಕೊಟ್ಟವರು ಬೇಲ್ ವಿಚಾರಣೆಯಲ್ಲಿ ಹಾಜರಿರೋದು ಕಡ್ಡಾಯ, ಬಿಎನ್‌ಎಸ್‌ಎಸ್ 483(2). ಪೋಕ್ಸೋ 40ನೇ ಕಲಂ ಮಗುವಿನ ಕಡೆಗೆ ತಮ್ಮದೇ ವಕೀಲರ ನೆರವು ಕೊಡುತ್ತೆ, 2020ರ ನಿಯಮಗಳ 4ನೇ ನಿಯಮ ಆರೋಪಿಯ ಬೇಲ್, ಬಿಡುಗಡೆ ಸ್ಥಿತಿಯನ್ನ ಮನೆಯವರಿಗೆ ತಿಳಿಸ್ಬೇಕು ಅನ್ನುತ್ತೆ. ಸಂತ್ರಸ್ತೆ ಪರಿಶಿಷ್ಟ ಜಾತಿ, ಪಂಗಡದವಳಾಗಿ ದೌರ್ಜನ್ಯ ತಡೆ ಕಾಯ್ದೆಯೂ ಸೇರಿದ್ರೆ 15ಎ(3), (5) ಪ್ರಕಾರ ನೋಟಿಸ್ ಮತ್ತು ಅಹವಾಲು ಎರಡೂ ಹಕ್ಕು. ಇವೆಲ್ಲಕ್ಕೂ ಮೇಲೆ 2022ರ ಏಪ್ರಿಲಲ್ಲಿ ಲಖೀಂಪುರ ಖೇರಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಸಂತ್ರಸ್ತರಿಗೆ ಎಲ್ಲಾ ಹಂತದಲ್ಲೂ ಮಾತಾಡೋ ಹಕ್ಕಿದೆ ಅಂದಿದೆ.

ಎಲ್ಲಿ ತಪ್ಪುತ್ತೆ ಅಂದ್ರೆ: ಕೋರ್ಟು ನೋಟಿಸ್ ಹೊರಡಿಸುತ್ತೆ, ಜಾರಿ ಮಾಡೋದು ಠಾಣೆ. ಪೇದೆ ಹೋದಾಗ ಮನೆಯವರು ವಿಳಾಸ ಬಿಟ್ಟಿರ್ತಾರೆ, ಇಂಥ ಕೇಸಲ್ಲಿ ಊರು ಬಿಡೋರೇ ಹೆಚ್ಚು. ‘ವಿಳಾಸದಲ್ಲಿ ಇಲ್ಲ’ ಅಂತ ಷರಾ ಬರೆದು ನೋಟಿಸ್ ವಾಪಸ್. ಅಥವಾ ನಾಳೆ ಹಿಯರಿಂಗ್ ಅಂದ್ರೆ ಇವತ್ತು ಸಂಜೆ ಫೋನು. ಕೂಲಿ ಬಿಟ್ಟು, ಬಸ್ ಹಿಡಿದು ಜಿಲ್ಲಾ ಕೇಂದ್ರಕ್ಕೆ ಯಾರು ಬರ್ತಾರೆ?

ದೊಡ್ಡಗಡಿಯಾರ
ನೋಟಿಸ್ ಕೊಡದೇ ಬೇಲ್ ಆಗಿಬಿಟ್ರೆ?

ಸಾಕ್ಷಿಕಟ್ಟೆ
ಅದೊಂದೇ ಕಾರಣಕ್ಕೆ ಆದೇಶ ರದ್ದಾಗಬಹುದು. ದೌರ್ಜನ್ಯ ಕಾಯ್ದೆಯಡಿ 2021ರ ಹರಿರಾಮ್ ಭಂಭಿ ತೀರ್ಪು ಇದಕ್ಕೇ ಇರೋದು, 15ಎ ನೋಟಿಸ್ ಕಡ್ಡಾಯ ಅಂತ. ಪೋಕ್ಸೋ ಕೇಸಲ್ಲೂ ಮೇಲಿನ ಕೋರ್ಟು ಅರ್ಜಿಯನ್ನ ಹೊಸದಾಗಿ ಕೇಳಿ ಅಂತ ವಾಪಸ್ ಕಳಿಸಬಹುದು. ಆದ್ರೆ ಯಾರಾದ್ರೂ ಹೋಗಿ ಕೇಳ್ಬೇಕು.

ಕಟಕಟೆ
ದೌರ್ಜನ್ಯ ಕಾಯ್ದೆ ಸೇರಿದ್ರೆ ದಾರಿನೇ ಬೇರೆ ಅನ್ನೋದನ್ನೂ ಹೇಳಿ. ವಿಶೇಷ ಕೋರ್ಟು ಬೇಲ್ ಕೊಟ್ರೂ ನಿರಾಕರಿಸಿದ್ರೂ ಹೈಕೋರ್ಟಿಗೆ ಹೋಗೋದು 14ಎ(2) ಅಡಿ ಮೇಲ್ಮನವಿಯಾಗಿ. ಮಾಮೂಲಿ ಕ್ರಿಮಿನಲ್ ಪಿಟಿಷನ್ ಹಾಕಿದ್ರೆ ಆಫೀಸ್ ಆಬ್ಜೆಕ್ಷನ್‌ನಲ್ಲೇ ವಾರ ಹೋಗುತ್ತೆ.

ಈಗ ನನ್ನ ವಾದ. ಬೇಲ್ ನಿರಾಕರಣೆ ಶಿಕ್ಷೆ ಅಲ್ಲ, ಆಗಬಾರದು. ಇಲ್ಲಿ ಮಾತಾಡೋರಲ್ಲಿ ಅರ್ಧ ಜನ ಬೇಲ್ ಸಿಕ್ತು ಅಂದ್ರೆ ಕೇಸು ಬಿತ್ತು ಅಂತ ತಿಳ್ಕೊಂಡಿದ್ದಾರೆ. ಪೋಕ್ಸೋ 35 ಪ್ರಕಾರ ಕೋರ್ಟು ಪ್ರಕರಣ ದಾಖಲಿಸಿಕೊಂಡ 30 ದಿನದಲ್ಲಿ ಮಗುವಿನ ಸಾಕ್ಷ್ಯ ಆಗಬೇಕು, ಆದಷ್ಟು ಮಟ್ಟಿಗೆ ಒಂದು ವರ್ಷದಲ್ಲಿ ವಿಚಾರಣೆ ಮುಗೀಬೇಕು. ಅದು ಆಗದಿದ್ರೆ ಸರ್ಕಾರದ ತಪ್ಪಿಗೆ ಆರೋಪಿ ಯಾಕೆ ಒಳಗಿರಬೇಕು? ಬಿಎನ್‌ಎಸ್‌ಎಸ್ 479ರ ವಿನಾಯಿತಿ, ಅರ್ಧ ಶಿಕ್ಷೆ ಅವಧಿ ಒಳಗಿದ್ರೆ ಬಿಡೋದು, ಅದೂ ಇವರಿಗಿಲ್ಲ. ಜೀವಾವಧಿ ಆಗಬಹುದಾದ ಕೇಸುಗಳನ್ನ ಅದರಿಂದ ಹೊರಗಿಟ್ಟಿದ್ದಾರೆ. ಅಂದ್ಮೇಲೆ ಸಂವಿಧಾನದ 21ನೇ ವಿಧಿ (ಜೀವ, ಸ್ವಾತಂತ್ರ್ಯದ ಹಕ್ಕು) ಬಿಟ್ರೆ ಅವನಿಗೆ ಬೇರೇನಿದೆ?

ಹದಿನೇಳು ವರ್ಷದ ಹುಡುಗಿ, ಹತ್ತೊಂಬತ್ತರ ಹುಡುಗ, ಓಡಿಹೋಗಿ ಮದುವೆ ಆಗಿ, ಹುಡುಗಿಯ ಅಪ್ಪ ಕೊಟ್ಟ ದೂರು. ಅದೂ ಪೋಕ್ಸೋ 4 ಅಥವಾ 6, ಅದೂ 90 ದಿನ.

ಸಾಕ್ಷಿಕಟ್ಟೆ
ಆ ಹದಿನೇಳು-ಹತ್ತೊಂಬತ್ತರ ಉದಾಹರಣೆಯನ್ನ ಪ್ರತೀ ಚರ್ಚೆಗೂ ಗುರಾಣಿ ಥರ ಹಿಡೀಬೇಡಿ ಸ್ವಾಮಿ. ಅಂಥದಕ್ಕೆ ಕೋರ್ಟುಗಳು ಬೇಲ್ ಕೊಡ್ತಾನೇ ಇವೆ. ದೆಹಲಿ ಹೈಕೋರ್ಟು 2020ರ ಧರ್ಮಂದರ್ ಸಿಂಗ್ ಆದೇಶದಲ್ಲಿ ಮಾನದಂಡ ಹಾಕಿದೆ: ಮಗುವಿನ ವಯಸ್ಸು, ಇಬ್ಬರ ವಯಸ್ಸಿನ ಅಂತರ, ಆರೋಪಿ ಮನೆಯವನಾ, ಬೆದರಿಕೆ ಇತ್ತಾ, ಘಟನೆ ಆದ ಮೇಲೆ ಅವನು ಹೇಗೆ ನಡ್ಕೊಂಡ, ಹುಡುಗಿಗೆ ಅವನ ಮೇಲೆ ಒಲವಿತ್ತಾ. ಏಳು ವರ್ಷದ ಮಗು, ಪಕ್ಕದ ಮನೆ ಐವತ್ತರ ಗಂಡಸು, ಇದನ್ನ ಆ ಪ್ರೇಮ ಪ್ರಕರಣದ ತಕ್ಕಡಿಯಲ್ಲಿ ತೂಗೋಕಾಗಲ್ಲ.

ಕಟಕಟೆ
ಅದೇ ಆದೇಶ ಪೋಕ್ಸೋ 29ನೇ ಕಲಂ ಬಗ್ಗೆ ಏನು ಹೇಳಿದೆ ಅಂತಲೂ ಹೇಳಿ. ‘ಆರೋಪಿಯೇ ಮಾಡಿದ್ದಾನೆ ಅಂತ ಭಾವಿಸತಕ್ಕದ್ದು’ ಅನ್ನೋ ಪೂರ್ವಭಾವನೆ ಚಾರ್ಜ್ ಫ್ರೇಮ್ ಆದ (ಕೋರ್ಟು ಆರೋಪ ನಿಗದಿ ಮಾಡಿದ) ಮೇಲೇ ಕೆಲಸ ಮಾಡೋದು. ಅದಕ್ಕೂ ಮುಂಚೆ ಬೇಲ್ ಅರ್ಜಿಯಲ್ಲಿ 29 ತಂದು ಬಡಿಯೋ ಹಾಗಿಲ್ಲ.

ತಕರಾರು_ಅರ್ಜಿ
ಅದು ದೆಹಲಿಯ ಅಭಿಪ್ರಾಯ. ಎಲ್ಲಾ ಹೈಕೋರ್ಟೂ ಅದನ್ನೇ ಪಾಲಿಸ್ಬೇಕು ಅಂತೇನಿಲ್ಲ.

ಹದಿಹರೆಯದವರ ವಿಷಯಕ್ಕೆ ನಮ್ಮ ಧಾರವಾಡ ಪೀಠವೇ 2022ರ ನವೆಂಬರಲ್ಲಿ ಒಪ್ಪಿಗೆಯ ವಯಸ್ಸನ್ನ ಮರುಪರಿಶೀಲಿಸಿ ಅಂತ ಕಾನೂನು ಆಯೋಗಕ್ಕೆ ಹೇಳಿತ್ತು. ಆಯೋಗ 2023ರ 283ನೇ ವರದಿಯಲ್ಲಿ ವಯಸ್ಸು ಇಳಿಸೋದು ಬೇಡ, 16ರಿಂದ 18ರವರ ಕೇಸಲ್ಲಿ ಶಿಕ್ಷೆ ವಿಷಯದಲ್ಲಿ ಕೋರ್ಟಿಗೆ ವಿವೇಚನೆ ಕೊಡಿ ಅಂತು. ಕಾಯ್ದೆ ಇನ್ನೂ ಇದ್ದ ಹಾಗೇ ಇದೆ.

ದೊಡ್ಡಗಡಿಯಾರ
ಬಾಬಾಗಳಿಗೆ ಮಾತ್ರ ಚುನಾವಣೆ ಬಂದಾಗಲೆಲ್ಲ ಬೇಲ್ ಸಿಗುತ್ತಲ್ಲ, ಅದು ಯಾವ ಸೆಕ್ಷನ್ ಸ್ವಾಮಿ?

ಆರ್ಡರ್‌ಶೀಟ್
ಅದು ಬೇಲ್ ಅಲ್ಲ, ಪೆರೋಲ್ ಅಥವಾ ಫರ್ಲೋ. ಶಿಕ್ಷೆ ಆದ ಕೈದಿಗೆ ಸರ್ಕಾರ ತನ್ನ ಜೈಲು ಕಾಯ್ದೆಯಡಿ ಕೊಡೋ ರಜೆ, ಕೋರ್ಟು ಕೊಡೋದಲ್ಲ. ಶಿಕ್ಷೆ ಆದ ಮೇಲೆ ಕೋರ್ಟು ಕೊಡೋದು ಶಿಕ್ಷೆ ಅಮಾನತು, ಬಿಎನ್‌ಎಸ್‌ಎಸ್ 430. ಟಿವಿಯವರು ಮೂರನ್ನೂ ಒಂದೇ ಅಂತ ಓದ್ತಾರೆ.

ಬಯಲುಸೀಮೆ
ನಿರೀಕ್ಷಣಾ ಜಾಮೀನು (ಬಂಧನಕ್ಕೆ ಮುಂಚೆಯೇ ಪಡೆಯೋ ಬೇಲ್) ಪೋಕ್ಸೋದಲ್ಲಿ ಇಲ್ಲ ಅಂತಾರಲ್ಲ ಅದಾದ್ರೂ ನಿಜನಾ?

ತಕರಾರು_ಅರ್ಜಿ
ಅರ್ಧ ನಿಜ. ಬಿಎನ್‌ಎಸ್‌ಎಸ್ 482(4) ತಡೆ ಹಾಕಿರೋದು ಬಿಎನ್‌ಎಸ್ 65 ಮತ್ತು 70(2)ಕ್ಕೆ. ಪೋಕ್ಸೋ ಹೆಸರು ಅಲ್ಲಿಲ್ಲ. 16ರ ಒಳಗಿನ ಹುಡುಗಿ ಆದ್ರೆ ಪೊಲೀಸರು 65 ಸೇರಿಸ್ತಾರೆ, ಬಾಗಿಲು ಬಂದ್. ಹುಡುಗಿಗೆ 17 ಆಗಿದ್ರೆ ಅರ್ಜಿ ಹಾಕೋಕೆ ಕಾನೂನಿನ ಅಡ್ಡಿಯಿಲ್ಲ, ಸಿಗೋದು ಬಿಡೋದು ಆಮೇಲೆ. ಸಂತ್ರಸ್ತ ಹುಡುಗ ಆಗಿದ್ರೆ? ಬಿಎನ್‌ಎಸ್‌ನ ಅತ್ಯಾಚಾರದ ಕಲಂ ಹೆಣ್ಣಿಗೆ ಮಾತ್ರ, ಹಾಗಾಗಿ ಎಂಟು ವರ್ಷದ ಹುಡುಗನ ಕೇಸಲ್ಲೂ ಆ ತಡೆ ಬರಲ್ಲ. ದೂರುದಾರರ ಕಡ್ಡಾಯ ಹಾಜರಿಯ 483(2) ಕೂಡ ಬರಲ್ಲ. 2018ರಲ್ಲಿ ಕಥುವಾ (ಜಮ್ಮುವಿನಲ್ಲಿ ಎಂಟು ವರ್ಷದ ಹುಡುಗಿಯ ಅತ್ಯಾಚಾರ, ಕೊಲೆ) ಗಲಾಟೆ ಹೊತ್ತಲ್ಲಿ ಅವಸರದಲ್ಲಿ ತಿದ್ದುಪಡಿ ಮಾಡಿದ್ರು, ಆ ತೂತು ಹೊಸ ಸಂಹಿತೆಗೂ ಹಾಗೇ ಬಂತು.

ಬಯಲುಸೀಮೆ
ಮದುವೆ ಆಗ್ತೀನಿ ಅಂತ ನಂಬಿಸಿದ ಕೇಸು?

ತಕರಾರು_ಅರ್ಜಿ
ಈಗ ಅದಕ್ಕೆ ಬಿಎನ್‌ಎಸ್ 69 ಅಂತ ಬೇರೆ ಕಲಂ, 10 ವರ್ಷದವರೆಗೆ. ನಿರೀಕ್ಷಣಾ ಜಾಮೀನು ಸಾಕಷ್ಟು ಸಿಗೋದು ಇದರಲ್ಲೇ. ಮಾತು ಕೊಡುವಾಗಲೇ ಮೋಸ ಇತ್ತಾ, ಇಲ್ಲ ಆಮೇಲೆ ಸಂಬಂಧ ಮುರಿದುಬಿತ್ತಾ ಅನ್ನೋದು ಪ್ರಶ್ನೆ. 2019ರ ಪ್ರಮೋದ್ ಸೂರ್ಯಭಾನ್ ಪವಾರ್ ತೀರ್ಪನ್ನ ಎರಡೂ ಕಡೆಯವರೂ ಓದ್ತಾರೆ. ಅವನಿಗೆ ಆಗಲೇ ಮದುವೆ ಆಗಿದ್ದು ಮುಚ್ಚಿಟ್ಟಿದ್ದ ಅಂದ್ರೆ ಬೇಲ್ ಕಷ್ಟ. ನಾಲ್ಕೈದು ವರ್ಷದ ಚಾಟ್, ಒಟ್ಟಿಗೆ ತಿರುಗಾಡಿದ ಫೋಟೋ ಇದ್ರೆ ಸುಲಭ.

ಕಡಲತಡಿ
ಆದರೆ ಆದೇಶ ಬರೆಯುವಾಗ ಕೆಲವರು ಹುಡುಗಿಯ ನಡತೆಗೇ ಕೈ ಹಾಕುತ್ತಾರಲ್ಲ. 2020ರ ಜೂನ್‌ನಲ್ಲಿ ನಮ್ಮ ಹೈಕೋರ್ಟಿನದ್ದೇ ಒಂದು ನಿರೀಕ್ಷಣಾ ಜಾಮೀನು ಆದೇಶ ಇತ್ತು. ಘಟನೆ ಆದ ಮೇಲೆ ಸುಸ್ತಾಗಿ ಮಲಗಿದೆ ಅಂದದ್ದು ಭಾರತೀಯ ನಾರಿಗೆ ತಕ್ಕ ನಡವಳಿಕೆ ಅಲ್ಲ ಅಂತ ಬರೆದಿದ್ದರು. ದೇಶವಿಡೀ ಸುದ್ದಿಯಾಯಿತು, ಮುಂದಿನ ತಿಂಗಳು ಆ ಸಾಲು ತೆಗೆದರು.

ಸಾಕ್ಷಿಕಟ್ಟೆ
ಹೌದು ಅಕ್ಕಾ, ಆ ಆದೇಶದ ಪ್ರಸ್ತಾಪ ಅಪರ್ಣಾ ಭಟ್ ತೀರ್ಪಲ್ಲೂ ಇದೆ. 2021ರ ಮಾರ್ಚ್ 18. ಅದು ಹುಟ್ಟಿದ್ದು ಮಧ್ಯಪ್ರದೇಶ ಹೈಕೋರ್ಟಿನ ರಾಖಿ ಆದೇಶದಿಂದ. ಲೈಂಗಿಕ ದೌರ್ಜನ್ಯದ ಆರೋಪಿ ದೂರುದಾರಳ ಮನೆಗೆ ಹೆಂಡತಿ ಸಮೇತ ಸಿಹಿ ತಗೊಂಡು ಹೋಗಿ ರಾಖಿ ಕಟ್ಟಿಸ್ಕೋಬೇಕು, 11,000 ರೂಪಾಯಿ ಕಾಣಿಕೆ ಕೊಡ್ಬೇಕು ಅಂತ ಬೇಲ್ ಷರತ್ತು! ಯಾರ ಮನೆ ಬಾಗಿಲು ದಾಟಿ ಹೋಗಿದ್ದ ಅಂತ ಕೇಸೋ ಅದೇ ಬಾಗಿಲಿಗೆ ಕೋರ್ಟೇ ಕಳಿಸಿತು.

ಸುಪ್ರೀಂ ಕೋರ್ಟು ಅದನ್ನ ರದ್ದು ಮಾಡಿ ಹಾಕಿದ ನಿಯಮಗಳನ್ನ ಪ್ರತೀ ಪಿಪಿ ಜೇಬಲ್ಲಿ ಇಟ್ಕೋಬೇಕು. ಬೇಲ್ ಷರತ್ತು ಆರೋಪಿ ಮತ್ತು ಸಂತ್ರಸ್ತೆಯ ಸಂಪರ್ಕಕ್ಕೆ ಅವಕಾಶ ಕೊಡಬಾರದು. ಬೇಲ್ ಆದ ತಕ್ಷಣ ದೂರುದಾರರಿಗೆ ತಿಳಿಸ್ಬೇಕು, ಎರಡು ದಿನದೊಳಗೆ ಆದೇಶದ ಪ್ರತಿ ಕೊಡ್ಬೇಕು. ಬಟ್ಟೆ, ನಡತೆ, ಹಿಂದಿನ ಬದುಕು ಆದೇಶದಲ್ಲಿ ಬರಬಾರದು. ರಾಜಿ, ಮದುವೆ ಅಂತ ಕೋರ್ಟು ಸೂಚಿಸಲೂ ಬಾರದು. ಇಷ್ಟಿದ್ದೂ 2025ರಲ್ಲಿ ಅಲಹಾಬಾದ್ ಹೈಕೋರ್ಟಿನ ಬೇಲ್ ಆದೇಶದಲ್ಲಿ ಹುಡುಗಿ ತಾನೇ ತೊಂದರೆ ಆಹ್ವಾನಿಸಿಕೊಂಡಳು ಅನ್ನೋ ಅರ್ಥದ ಮಾತು ಬಂತು, ಸುಪ್ರೀಂ ಕೋರ್ಟು ಏಪ್ರಿಲಲ್ಲಿ ಅದಕ್ಕೆ ಆಕ್ಷೇಪ ಎತ್ತಬೇಕಾಯ್ತು.

ಕಟಕಟೆ
ಎರಡು ದಿನದಲ್ಲಿ ಪ್ರತಿ? ಬರ್ತಾ ಇದೆಯಾ?

ಸಾಕ್ಷಿಕಟ್ಟೆ
ಕೇಳಿದವರಿಗೆ ಬರುತ್ತೆ. ಕೇಳದವರಿಗೆ ಟಿವಿ.

ಮಲ್ನಾಡ್_ಮಳೆ
ಸರಿ, ಹಾಗಾದ್ರೆ ಮನೆಯವರು ಏನು ಮಾಡ್ಬೇಕು? ಹೋಗಿ ‘ಬೇಲ್ ಕೊಡಬೇಡಿ’ ಅಂತ ಅತ್ರೆ ಕೋರ್ಟು ಕೇಳುತ್ತಾ?

ತಕರಾರು_ಅರ್ಜಿ
ಅಳೋದರಿಂದ ಆಗಲ್ಲ, ‘ಘೋರ ಅಪರಾಧ, ಸಮಾಜಕ್ಕೆ ಕೆಟ್ಟ ಸಂದೇಶ’ ಅಂತ ಎರಡು ಪುಟ ಬರೆಯೋದರಿಂದಲೂ ಆಗಲ್ಲ. ಆ ಭಾಷಣ ಪ್ರತೀ ತಕರಾರಲ್ಲೂ ಇರುತ್ತೆ, ಜಡ್ಜು ಅದನ್ನ ದಾಟಿ ಓದ್ತಾರೆ. ಕೆಲಸ ಮಾಡೋದು ಇಂಥವು:

ಬೆದರಿಕೆ ಇದ್ರೆ ತಾರೀಖು, ಯಾರು, ಯಾವ ನಂಬರಿಂದ, ಠಾಣೆಗೆ ಕೊಟ್ಟ ದೂರಿನ ಸ್ವೀಕೃತಿ. ‘ಆರೋಪಿ ಕಡೆಯವರು ಬೆದರಿಸ್ತಿದ್ದಾರೆ’ ಅಂತ ಒಂದೇ ಸಾಲು ಬರೆದ್ರೆ ಅದಕ್ಕೆ ಬೆಲೆ ಇಲ್ಲ. ಎರಡೂ ಮನೆ ನಡುವೆ ಎಷ್ಟು ದೂರ, ಹುಡುಗಿ ಶಾಲೆಗೆ ಹೋಗೋ ದಾರಿ ಅವನ ಮನೆ ಮುಂದೆ ಹಾದುಹೋಗುತ್ತಾ. ಅವನು ಮನೆಯವನಾ, ಮೇಷ್ಟ್ರಾ, ಹಾಸ್ಟೆಲ್ ವಾರ್ಡನ್ನಾ. ಅವನ ಮೇಲೆ ಹಳೇ ಕೇಸಿದ್ರೆ ಕ್ರೈಂ ನಂಬರ್ ಸಮೇತ. ಹುಡುಗಿಯ ಸಾಕ್ಷ್ಯ ಕೋರ್ಟಲ್ಲಿ ಇನ್ನೂ ಆಗಿಲ್ಲ ಅನ್ನೋದು, ಯಾವ ತಾರೀಖಿಗೆ ನಿಗದಿ ಆಗಿದೆ ಅನ್ನೋದು. ಎಫ್‌ಐಆರ್ ತಡವಾಗಿದ್ರೆ ಯಾಕೆ ಅಂತ ನೀವೇ ಮೊದಲು ಹೇಳಿಬಿಡಿ.

ಕೊಟ್ಟೇ ಕೊಡೋದಾದ್ರೆ ಇಂಥ ಷರತ್ತು ಹಾಕಿ ಅಂತ ಎರಡನೇ ಬೇಡಿಕೆಯನ್ನೂ ಅದರಲ್ಲೇ ಬರೀರಿ. ಸಂತ್ರಸ್ತೆಯ ತಾಲೂಕಿಗೆ ಕಾಲಿಡಬಾರದು, ಫೋನು, ವಾಟ್ಸಾಪ್, ಮೂರನೆಯವರ ಮೂಲಕ ಯಾವ ಸಂಪರ್ಕವೂ ಬೇಡ, ಪಾಸ್‌ಪೋರ್ಟ್ ಒಪ್ಪಿಸ್ಬೇಕು. ವಾರಕ್ಕೊಮ್ಮೆ ಠಾಣೆಯಲ್ಲಿ ಸಹಿ ಅಂತ ಹಾಕೋ ಷರತ್ತಲ್ಲಿ ಒಂದು ಕಿತಾಪತಿ ಇದೆ. ಠಾಣೆ ಸಂತ್ರಸ್ತೆಯ ಊರಲ್ಲೇ ಇದ್ರೆ, ಪ್ರತೀ ಭಾನುವಾರ ಅವನು ಅದೇ ಬೀದಿಯಲ್ಲಿ ಬಂದುಹೋಗೋಕೆ ಕೋರ್ಟೇ ಪರವಾನಗಿ ಕೊಟ್ಟ ಹಾಗೆ. ಬೇರೆ ಠಾಣೆ ಕೇಳಿ.

ಬಯಲುಸೀಮೆ
ವಕೀಲರಿಗೆ ದುಡ್ಡು ಎಲ್ಲಿಂದ ತರೋದು ಸರ್ ಬಡವರು?

ತಕರಾರು_ಅರ್ಜಿ
ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ. ಹೆಂಗಸರು, ಮಕ್ಕಳಿಗೆ ಆದಾಯ ಎಷ್ಟೇ ಇದ್ರೂ ಉಚಿತ. ಸಹಾಯವಾಣಿ 15100. ಕಚೇರಿ ಕೋರ್ಟಿನ ಆವರಣದಲ್ಲೇ ಇರುತ್ತೆ. ಅವರು ಕೊಟ್ಟ ವಕೀಲರು ಪಿಪಿಗೆ ಸಹಕರಿಸೋ ಹಾಗೆ ಬಿಎನ್‌ಎಸ್‌ಎಸ್ 18(8)ರ ಅಡಿ ಅನುಮತಿ ಕೇಳಬಹುದು. ಒಂದು ಎಚ್ಚರಿಕೆ: ಸಲ್ಲಿಸೋ ಯಾವ ಕಾಗದದಲ್ಲೂ ಸಂತ್ರಸ್ತೆಯ ಹೆಸರು, ಶಾಲೆ, ಮನೆಯ ಗುರುತು ಬಯಲಾಗೋ ಹಾಗೆ ಇರಬಾರದು. ಮೊಹರು ಮಾಡಿದ ಲಕೋಟೆಯಲ್ಲಿ ಬೇರೆ ಕೊಡಿ.

ಹುಬ್ಬಳ್ಳಿ_ಚಾಳ
ಜೀವಭಯ ಇದ್ರ ಸಾಕ್ಷಿ ರಕ್ಷಣಾ ಯೋಜನೆ 2018 ಐತ್ರಿ. ಜಿಲ್ಲಾ ನ್ಯಾಯಾಧೀಶರು ಮುಖ್ಯಸ್ಥರಿರೋ ಸಮಿತಿಗೆ ಅರ್ಜಿ ಕೊಡಬೇಕು, ಡಿವೈಎಸ್‌ಪಿ ಐದು ಕೆಲಸದ ದಿನದಾಗ ಬೆದರಿಕೆ ವರದಿ ಕೊಡಬೇಕು. ಆ ವರದಿ ಬೇಲ್ ತಕರಾರಿಗೂ ಹಚ್ಚಬಹುದು. ಭಾಳ ಮಂದಿಗೆ ಗೊತ್ತs ಇಲ್ಲ.

ದೊಡ್ಡಗಡಿಯಾರ
ದೊಡ್ಡವರ ಕೇಸಿಗೆ ಬರೋಣ. ಅಲ್ಲಿ ಈ ಲೆಕ್ಕ ಎಲ್ಲ ನಡೆಯುತ್ತಾ?

ಆರ್ಡರ್‌ಶೀಟ್
ನಮ್ಮ ರಾಜ್ಯದ ಎರಡು ಕೇಸನ್ನೇ ನೋಡಿ, ಎರಡೂ ಬೇರೆ ಬೇರೆ ಪಾಠ.

ಹಾಸನದ ಮಾಜಿ ಸಂಸದ ಪ್ರಜ್ವಲ್ ರೇವಣ್ಣ. 2024ರ ಏಪ್ರಿಲ್ ಕೊನೆಗೆ ದೇಶ ಬಿಟ್ಟು ಹೋಗಿ, ಮೇ 31ರ ಬೆಳಗಿನ ಜಾವ ಬೆಂಗಳೂರಿಗೆ ಬಂದಿಳಿದಾಗ ಬಂಧನ. ಅಕ್ಟೋಬರಲ್ಲಿ ಹೈಕೋರ್ಟು ಬೇಲ್ ನಿರಾಕರಿಸಿತು, ನವೆಂಬರಲ್ಲಿ ಸುಪ್ರೀಂ ಕೋರ್ಟೂ. ಓಡಿಹೋಗೋ ಸಂಭವ, ಸ್ಥಾನಮಾನ, ಸಾಕ್ಷಿಗಳ ಮೇಲೆ ಪ್ರಭಾವ, ಮೇಲಿನ ಎಂಟರಲ್ಲಿ ಮೂರು ಅಂಶಕ್ಕೆ ಒಂದೇ ಆರೋಪಿ. 2025ರ ಆಗಸ್ಟ್ 1ಕ್ಕೆ ಒಂದು ಕೇಸಲ್ಲಿ ದೋಷಿ ಅಂತ ತೀರ್ಪು, ಮರುದಿನ ಜೀವಾವಧಿ. ಬಂಧನದಿಂದ 14 ತಿಂಗಳು. ವಿಚಾರಣೆ ಬೇಗ ನಡೆದ್ರೆ ಬೇಲ್ ತಗಾದೆಯೇ ಸಣ್ಣದಾಗುತ್ತೆ.

ಇನ್ನೊಂದು ಚಿತ್ರದುರ್ಗದ ಮಠಾಧೀಶರ ಪೋಕ್ಸೋ ಪ್ರಕರಣ. 2022ರ ಸೆಪ್ಟೆಂಬರಲ್ಲಿ ಬಂಧನ. 2023ರ ನವೆಂಬರಲ್ಲಿ ಹೈಕೋರ್ಟು ಬೇಲ್ ಕೊಟ್ಟು ಚಿತ್ರದುರ್ಗಕ್ಕೆ ಕಾಲಿಡಬಾರದು ಅಂತು. 2024ರ ಏಪ್ರಿಲಲ್ಲಿ ಸುಪ್ರೀಂ ಕೋರ್ಟು ಆ ಬೇಲನ್ನ ತಾತ್ಕಾಲಿಕವಾಗಿ ತಡೆಹಿಡಿದು, ಶರಣಾಗಿ, ನಾಲ್ಕು ತಿಂಗಳಲ್ಲಿ ಸಂತ್ರಸ್ತೆಯರ ಮತ್ತು ಮುಖ್ಯ ಸಾಕ್ಷಿಗಳ ವಿಚಾರಣೆ ಮುಗಿಸಿ ಅಂತು. ಅದು ಆದ ಮೇಲೆ ಅಕ್ಟೋಬರಲ್ಲಿ ಬಿಡುಗಡೆ. 2025ರ ನವೆಂಬರಲ್ಲಿ ವಿಚಾರಣಾ ಕೋರ್ಟು ಆ ಪ್ರಕರಣದಲ್ಲಿ ಖುಲಾಸೆ ಮಾಡಿತು.

ಕಟಕಟೆ
ನೋಡಿ, ಎರಡನೆಯದು ನನ್ನ ವಾದಕ್ಕೇ ಸಾಕ್ಷಿ. ಒಳಗಿದ್ದ ಅಷ್ಟೂ ದಿನ ವಾಪಸ್ ಕೊಡೋರು ಯಾರು?

ಸಾಕ್ಷಿಕಟ್ಟೆ
ಸಾಕ್ಷಿ ಹೇಳೋ ಹುಡುಗಿಯರು ನಿರ್ಭಯವಾಗಿ ಹೇಳ್ಬೇಕು ಅಂತ ಒಳಗಿಟ್ಟಿದ್ದು. ಫಲಿತಾಂಶ ಏನಾಯ್ತು ಅನ್ನೋದರಿಂದ ಆ ಆದೇಶ ತಪ್ಪು ಅಂತ ಆಗಲ್ಲ.

ಕಡಲತಡಿ
ನನಗೊಂದು ಗೊಂದಲ. ಸಾಕ್ಷಿ ವಿಚಾರಣೆ ಶುರುವಾದ ಮೇಲೆ ಬೇಲ್ ಬೇಡ ಅಂತ 2024ರ ನವೆಂಬರ್ ತೀರ್ಪು. ಮುಖ್ಯ ಸಾಕ್ಷಿ ಆದ ಮೇಲೆ ಬಿಡಿ ಅಂತ ಅದೇ ವರ್ಷದ ಏಪ್ರಿಲ್ ಆದೇಶ. ಇದು ಹೇಗೆ ಸರಿಹೋಗುತ್ತದೆ?

ಆರ್ಡರ್‌ಶೀಟ್
ಒಳ್ಳೇ ಪ್ರಶ್ನೆ, ವಕೀಲರೂ ಇದನ್ನೇ ದಿನಾ ಜಗಳ ಆಡ್ತಾರೆ. ನವೆಂಬರ್ ತೀರ್ಪಿನ ಸಿಟ್ಟು ಮುಖ್ಯವಾಗಿ ಸಾಕ್ಷ್ಯವನ್ನ ನಡುವಲ್ಲೇ ತೂಗಿ ‘ಹೇಳಿಕೆ ಹೊಂದ್ತಿಲ್ಲ’ ಅಂತ ಬಿಡೋದರ ಮೇಲೆ. ಏಪ್ರಿಲ್‌ನದ್ದು ಸಾಕ್ಷ್ಯ ನಿಜವೋ ಸುಳ್ಳೋ ನೋಡಲ್ಲ, ಹೆದರಿಸೋ ಅಪಾಯ ಇನ್ನೂ ಇದೆಯಾ ಅಂತಷ್ಟೇ ಕೇಳುತ್ತೆ. ಹುಡುಗಿಯ ಪಾಟೀ ಸವಾಲು ಮುಗಿದಿದ್ರೆ ಆ ಅಪಾಯ ಬಹುಪಾಲು ಮುಗೀತು. ಆರೋಪಿ ಪರ ವಕೀಲರು ಜಾಣರಾದ್ರೆ ವ್ಯತ್ಯಾಸಗಳ ಪಟ್ಟಿ ಬಿಟ್ಟು ಈ ಎರಡನೇ ವಾದ ಹಿಡೀತಾರೆ. ಅದಕ್ಕೇ ಪಾಟೀ ಸವಾಲಿಗೆ ವಾಯಿದೆ ಮೇಲೆ ವಾಯಿದೆ ಕೇಳಿ ಎಳೆದಿದ್ದು ಯಾರು ಅನ್ನೋದು ಆರ್ಡರ್ ಶೀಟಲ್ಲಿ ದಾಖಲಾಗಿರ್ಬೇಕು. ‘ವಿಚಾರಣೆ ವಿಳಂಬ’ ಅಂತ ಬಂದಾಗ ಪಿಪಿ ತೋರಿಸ್ಬೇಕಾದ್ದು ಅದನ್ನೇ.

ಬಯಲುಸೀಮೆ
ಹುಡುಗಿ ಮನೆಯವರೇ ‘ನಮ್ಮ ತಕರಾರಿಲ್ಲ’ ಅಂತ ಅಫಿಡವಿಟ್ ಕೊಟ್ಬಿಟ್ರೆ? ನಮ್ಮ ಕಡೆ ಪಂಚಾಯ್ತಿ ಮಾಡಿ ಕೊಡಿಸ್ತಾರೆ.

ತಕರಾರು_ಅರ್ಜಿ
ಕೇಸು ಅದರಿಂದ ಮುಗಿಯಲ್ಲ. ಪೋಕ್ಸೋ ಕೇಸನ್ನ ರಾಜಿ ಆಧಾರದ ಮೇಲೆ ರದ್ದು ಮಾಡೋಕಾಗಲ್ಲ ಅಂತ 2024ರ ನವೆಂಬರಲ್ಲೇ ರಾಮ್‌ಜಿ ಲಾಲ್ ಬೈರ್ವಾ ಪ್ರಕರಣದಲ್ಲಿ ಆಗಿದೆ. ಆದ್ರೆ ಬೇಲ್ ಹಂತದಲ್ಲಿ ಆ ಅಫಿಡವಿಟ್ ಕೆಲಸ ಮಾಡುತ್ತೆ, ಸುಳ್ಳು ಹೇಳೋದು ಯಾಕೆ. ಬಹಳ ಎಚ್ಚರದ ಜಡ್ಜ್ ಆದ್ರೆ ಹುಡುಗಿಯನ್ನೇ ಕರೆಸಿ, ಮನೆಯವರನ್ನ ಹೊರಗೆ ಕಳಿಸಿ ಕೇಳ್ತಾರೆ.

ಮಲ್ನಾಡ್_ಮಳೆ
ಬೇಲ್ ಆಗೋಯ್ತು ಅಂದ್ಕೊಳ್ಳಿ. ಆಮೇಲೆ?

ಆರ್ಡರ್‌ಶೀಟ್
ಆದೇಶ ಆದ ದಿನವೇ ಹೊರಗೆ ಬರಲ್ಲ. ಒಂದು ಲಕ್ಷದ ಮುಚ್ಚಳಿಕೆ, ಇಬ್ಬರು ಜಾಮೀನುದಾರರು ಅಂದ್ರೆ ಅವರ ಪಹಣಿ, ಆಧಾರ್, ಫೋಟೋ, ಪರಿಶೀಲನೆ, ಆಮೇಲೆ ಬಿಡುಗಡೆ ಆದೇಶ ಜೈಲಿಗೆ. ಆ ನಡುವಿನ ದಿನಗಳನ್ನ ಸಂತ್ರಸ್ತೆಯ ಕಡೆಯವರು ಬಳಸ್ಕೋಬೇಕು. (ಬಡ ಆರೋಪಿಗೆ ಜಾಮೀನುದಾರರೇ ಸಿಗದೆ ಏಳು ದಿನ ಆದ್ರೆ ಜೈಲಿನವರು ಕಾನೂನು ಸೇವಾ ಪ್ರಾಧಿಕಾರಕ್ಕೆ ತಿಳಿಸ್ಬೇಕು ಅಂತ 2023ರ ಜನವರಿಯ ಸುಪ್ರೀಂ ಕೋರ್ಟ್ ನಿರ್ದೇಶನ ಇದೆ. ಕಟಕಟೆ ಸರ್‌ಗೆ ಖುಷಿಯಾಗಲಿ.)

ಆಮೇಲೆ ಎರಡು ದಾರಿ, ಬೆರೆಸಬೇಡಿ. ಆದೇಶವೇ ಸರಿಯಿಲ್ಲ, ಕಾರಣ ಬರೆದಿಲ್ಲ, ಮುಖ್ಯ ದಾಖಲೆ ನೋಡಿಲ್ಲ, ನೋಟಿಸ್ ಕೊಟ್ಟಿಲ್ಲ ಅಂದ್ರೆ ಮೇಲಿನ ಕೋರ್ಟಿಗೆ. ಆದೇಶ ಸರಿ ಇದೆ, ಅವನು ಷರತ್ತು ಮುರಿದ ಅಂದ್ರೆ ಬೇಲ್ ಕೊಟ್ಟ ಕೋರ್ಟಲ್ಲೇ ರದ್ದತಿ ಅರ್ಜಿ, 483(3). ಎರಡನೆಯದಕ್ಕೆ ಬೇಲ್ ಆದ ಮೇಲಿನ ಘಟನೆ ಬೇಕು, ಹಳೇ ಕಥೆ ನಡೆಯಲ್ಲ. ಜಬಲ್‌ಪುರದ ಒಂದು ಅತ್ಯಾಚಾರ ಪ್ರಕರಣದಲ್ಲಿ ಬೇಲ್ ಸಿಕ್ಕವನಿಗೆ ‘ಭೈಯಾ ಈಸ್ ಬ್ಯಾಕ್’ ಅಂತ ಪೋಸ್ಟರ್ ಹಾಕಿ ಸ್ವಾಗತ ಕೋರಿದ್ರು. ಸಂತ್ರಸ್ತೆ ಅದರ ಫೋಟೋ ಸಮೇತ ಸುಪ್ರೀಂ ಕೋರ್ಟಿಗೆ ಹೋದಳು, 2022ರ ಮೇ 5ಕ್ಕೆ ಬೇಲ್ ರದ್ದು.

ದೊಡ್ಡಗಡಿಯಾರ
ಫ್ಲೆಕ್ಸ್ ಪ್ರಿಂಟ್ ಮಾಡಿದವನಿಗೆ ಪ್ರಾಸಿಕ್ಯೂಷನ್ ಸನ್ಮಾನ ಮಾಡಬೇಕಿತ್ತು

ಮಲ್ನಾಡ್_ಮಳೆ
😀 ಕೊನೇದೊಂದು. ಆರೋಪಿಗೇ 18 ಆಗಿಲ್ಲ ಅಂದ್ರೆ?

ಕಟಕಟೆ
ಮೇಲೆ ಬರೆದಿದ್ದು ಯಾವುದೂ ಅನ್ವಯ ಆಗಲ್ಲ. ಬಾಲನ್ಯಾಯ ಕಾಯ್ದೆ 12. ಅಲ್ಲಿ ಬಿಡೋದೇ ನಿಯಮ. ಕೆಟ್ಟ ಸಹವಾಸಕ್ಕೆ ಬೀಳ್ತಾನೆ, ಅವನಿಗೇ ಅಪಾಯ ಇದೆ, ಅಥವಾ ಬಿಟ್ರೆ ನ್ಯಾಯದ ಉದ್ದೇಶವೇ ಸೋಲುತ್ತೆ ಅಂತ ಮಂಡಳಿಗೆ ಅನ್ನಿಸಿದ್ರೆ ಮಾತ್ರ ಇಟ್ಕೋಬಹುದು, ಅದೂ ಕಾರಣ ಬರೆದು. ಅಪರಾಧ ಎಷ್ಟು ಗಂಭೀರ ಅನ್ನೋದೊಂದೇ ಅಲ್ಲಿ ಸಾಕಾಗಲ್ಲ. ಅದಕ್ಕೆ ಬೇರೆ ಚರ್ಚೆ ತೆಗೀರಿ, ಇದು ಆಗಲೇ ಉದ್ದ ಆಯ್ತು.

ಬಯಲುಸೀಮೆ
ತಕರಾರು ಸರ್, ಹಿಯರಿಂಗ್ ತಾರೀಖು ಮನೆಯವರೇ ನೋಡ್ಕೊಳ್ಳೋದು ಹೇಗೆ? ಪೊಲೀಸರನ್ನ ನಂಬಿ ಕೂರೋಕಾಗಲ್ಲ ಅಂದ್ರಲ್ಲ.

ತಕರಾರು_ಅರ್ಜಿ
ಇ-ಕೋರ್ಟ್ಸ್ ಆ್ಯಪಲ್ಲಿ ಎಫ್‌ಐಆರ್ ನಂಬರಿಂದ ಹುಡುಕೋ ಜಾಗ ಇದೆ: ಜಿಲ್ಲೆ, ಠಾಣೆ, ಕ್ರೈಂ ನಂಬರ್, ವರ್ಷ. ಬೇಲ್ ಅರ್ಜಿ ಸೆಷನ್ಸ್‌ನಲ್ಲಿ ಕ್ರಿಮಿನಲ್ ಮಿಸಲೇನಿಯಸ್ ಅಂತ ಬೇರೆ ನಂಬರಲ್ಲಿ ಇರುತ್ತೆ, ಹೈಕೋರ್ಟಲ್ಲಿ ಕ್ರಿಮಿನಲ್ ಪಿಟಿಷನ್. ಮುಖ್ಯ ಕೇಸಿನ ನಂಬರನ್ನೇ ನೋಡ್ತಾ ಕೂತ್ರೆ ಇದು ಕಾಣಲ್ಲ. ಸೆಷನ್ಸ್‌ನಲ್ಲಿ ವಜಾ ಆಯ್ತು ಅಂತ ನಿಟ್ಟುಸಿರು ಬಿಡಬೇಡಿ, ಅಲ್ಲಿಂದ ನೇರ ಹೈಕೋರ್ಟಿಗೆ ಹೋಗಿರ್ತಾರೆ. ಬೆಂಗಳೂರು, ಧಾರವಾಡ, ಕಲಬುರಗಿ, ನಿಮ್ಮ ಜಿಲ್ಲೆ ಯಾವ ಪೀಠಕ್ಕೆ ಸೇರುತ್ತೋ ಅಲ್ಲಿ ಹುಡುಕಿ. ಪೋಕ್ಸೋ ಕೇಸುಗಳ ವಿವರ ಕೆಲವು ಸಲ ಆನ್‌ಲೈನಲ್ಲಿ ಮುಚ್ಚಿಟ್ಟಿರ್ತಾರೆ. ಆಗ ಪಿಪಿ ಕಚೇರಿಗೆ ಕ್ರೈಂ ನಂಬರ್ ಹೇಳಿ ವಾರಕ್ಕೊಮ್ಮೆ ಕೇಳೋದೇ ದಾರಿ. ಮನೆ ಬದಲಾಯಿಸಿದ್ರೆ ಹೊಸ ವಿಳಾಸ, ಮೊಬೈಲ್ ನಂಬರನ್ನ ಐಓಗೆ ಬರವಣಿಗೆಯಲ್ಲಿ ಕೊಟ್ಟು ಸ್ವೀಕೃತಿ ಸಹಿ ತಗೊಳ್ಳಿ, ಒಂದು ಪ್ರತಿ ಕೋರ್ಟಿಗೂ ಹಾಕ್ಸಿ. ಆಗ ‘ವಿಳಾಸದಲ್ಲಿ ಇಲ್ಲ’ ಅಂತ ಷರಾ ಬರೆಯೋಕೆ ಬರಲ್ಲ.